ಚೀಲದ ತಳದ ಕೆಂಪು ಬಿಲ್ಲೆ

ಸಾಬೂನಿನ ಕಾರ್ಖಾನೆಯಲ್ಲಿ ಅವನಿಗೆ ಹೆತ್ತವರು ಇಟ್ಟ ಹೆಸರು ಸಂಬಳದ ದಿನ ಗುಮಾಸ್ತನ ಬಾಯಲ್ಲಿ ಒಮ್ಮೆ ಬರುತ್ತಿತ್ತು, ಅಷ್ಟೆ. ಮಿಕ್ಕ ದಿನವೆಲ್ಲ ಅವನು ಗ್ರಹಚಾರಣ್ಣ. ಮೊದಮೊದಲು ಹಾಗೆ ಕರೆದರೆ ಮೈಯೆಲ್ಲ ಉರಿಯುತ್ತಿತ್ತು. ಆಮೇಲೆ ಅಭ್ಯಾಸವಾಯಿತು. ಕೊನೆಗೆ ಯಾರಾದರೂ ನಿಜವಾದ ಹೆಸರು ಹಿಡಿದು ಕೂಗಿದರೆ ತಿರುಗಿ ನೋಡುವುದನ್ನೇ ಬಿಟ್ಟ.

ಆ ಹೆಸರು ಬಂದದ್ದು ಒಂದು ಬಟ್ಟೆಯ ಚೀಲದಿಂದ.

ಕಾರ್ಖಾನೆಯ ನಡುಮಧ್ಯೆ ಎರಡು ಕಬ್ಬಿಣದ ಕೊಪ್ಪರಿಗೆಗಳಿದ್ದವು. ಒಂದೊಂದರೊಳಗೂ ಒಂದು ಸಂಸಾರ ಹೂಡಬಹುದು, ಅಷ್ಟು ಆಳ, ಅಷ್ಟು ಅಗಲ. ಎಣ್ಣೆ, ಕೊಬ್ಬು, ಮೈ ಸುಡುವ ಕಾಸ್ಟಿಕ್ ಸೋಡಾ ಎಲ್ಲ ಸೇರಿ ಕುದಿದು ಸಾಬೂನಿನ ಪಾಕವಾಗಿ ಅಚ್ಚುಗಳಿಗೆ ಹರಿದುಹೋದ ಮೇಲೆ ತಳದಲ್ಲೂ ಗೋಡೆಯಲ್ಲೂ ಕಪ್ಪು ಗಸಿ ಕಚ್ಚಿಕೊಂಡಿರುತ್ತಿತ್ತು. ಅದನ್ನು ಕೆರೆಯಲು ಒಬ್ಬ ಏಣಿ ಇಳಿದು ಒಳಗೆ ಹೋಗಲೇಬೇಕು. ಒಳಗೆ ಉಸಿರು ಕಟ್ಟುವ ಸೆಕೆ, ಕಣ್ಣು ಕಿತ್ತುಬರುವ ಘಾಟು, ಕಾಲಿಟ್ಟಲ್ಲೆಲ್ಲ ಜಾರಿಕೆ. ಹಿಂದೊಮ್ಮೆ ಒಬ್ಬ ಒಳಗಿದ್ದಾಗಲೇ ಯಾರೋ ತಿಳಿಯದೆ ಹಬೆಯ ವಾಲ್ವು ತಿರುಗಿಸಿಬಿಟ್ಟಿದ್ದರು. ಅವನೇನೋ ಬದುಕಿದ. ಆದರೆ ಬೆಂದ ಅವನ ಮುಖ ನೋಡಿದವರಾರೂ ಮತ್ತೆ ನಗುನಗುತ್ತ ಆ ಏಣಿ ಇಳಿಯಲಿಲ್ಲ.

ಯಾರು ಇಳಿಯಬೇಕು ಅನ್ನುವುದಕ್ಕೆ ದಿನಾ ಜಗಳ. ಜಗಳ ಬೇಡವೆಂದು ಮೇಸ್ತ್ರಿ ಒಂದು ಉಪಾಯ ಹೂಡಿದ. ಅವನೂ ಸೇರಿ ಆರು ಜನ, ಆರು ಹಿತ್ತಾಳೆಯ ಬಿಲ್ಲೆ. ಐದು ಹಾಗೆಯೇ ಹಳದಿ, ಒಂದಕ್ಕೆ ಮಾತ್ರ ಕೆಂಪು ಬಣ್ಣ. ಎಲ್ಲವನ್ನೂ ಚೀಲಕ್ಕೆ ಹಾಕಿ ಕುಲುಕಿ, ಒಬ್ಬೊಬ್ಬನಾಗಿ ಕಣ್ಣು ಮುಚ್ಚಿ ಕೈಹಾಕಬೇಕು. ಕೆಂಪು ಯಾರ ಕೈಗೆ ಬಂತೋ ಅವನು ಇಳಿಯಬೇಕು. ತಕರಾರಿಲ್ಲ, ದಾಕ್ಷಿಣ್ಯವಿಲ್ಲ. ಒಮ್ಮೆ ಬಣ್ಣ ಸವೆದು, "ಇದು ಕೆಂಪಲ್ಲ, ಕೊಳೆ ಹಿಡಿದ ಹಳದಿ" ಎಂದು ಒಬ್ಬ ಮೊಂಡು ಹಿಡಿದ. ಅಂದಿನಿಂದ ಬಣ್ಣ ಚೂರು ಮಾಸಿದರೂ ಸಾಕು, ಮೇಸ್ತ್ರಿ ಕುಂಚ ತಂದು ಮೇಲೆ ಇನ್ನೊಂದು ಕೋಟು ಬಳಿಯುತ್ತಿದ್ದ. "ನ್ಯಾಯ ಅಂದ್ರೆ ಕಣ್ಣಿಗೆ ಹೊಡೆಯೋ ಹಾಗಿರ್ಬೇಕು" ಎಂದು ಹೇಳಿ ಎದೆಯುಬ್ಬಿಸುತ್ತಿದ್ದ.

ಒಂದು ಕೊಪ್ಪರಿಗೆ ಖಾಲಿಯಾದಾಗ ಇನ್ನೊಂದಕ್ಕೆ ಕಾಸ್ಟಿಕ್ ಸುರಿಯುವ ಕೆಲಸ ನಮ್ಮ ಗ್ರಹಚಾರಣ್ಣನದು. ಸುರಿದು, ಡಬ್ಬಗಳನ್ನು ಮುಚ್ಚಿಟ್ಟು, ಕೈ ತೊಳೆದು ಬರುವಷ್ಟರಲ್ಲಿ ಉಳಿದ ಐವರೂ ಬಿಲ್ಲೆ ತೆಗೆದಾಗಿರುತ್ತಿತ್ತು. ಚೀಲದಲ್ಲಿ ಉಳಿದದ್ದು ಇವನದು. ಇವನು ಚೀಲವನ್ನು ಅಂಗೈ ಮೇಲೆ ಬೋರಲು ಹಾಕುವನು. ಕೆಂಪು! ಮರುಸಲವೂ ಕೆಂಪು. ಅದರ ಮರುಸಲವೂ. ಅಪರೂಪಕ್ಕೆ ಯಾರಾದರೂ ಅವಸರದಲ್ಲಿ ಕೆಂಪು ಹಿಡಿದುಕೊಂಡರೆ ಇಡೀ ಕಾರ್ಖಾನೆಯೇ ಬಾಯಿಬಿಟ್ಟು ನೋಡುತ್ತಿತ್ತು.

"ಕೊನೇಲಿ ಬರ್ತೀನಿ ಅಂತ ಹೀಗಾ ಮೇಸ್ತ್ರಿ?" ಎಂದು ಒಮ್ಮೆ ಕೇಳಿದ್ದ.

"ಮೊದಲು ಬಂದ್ರೂ ಆರರಲ್ಲಿ ಒಂದು, ಕೊನೇಲಿ ಬಂದ್ರೂ ಆರರಲ್ಲಿ ಒಂದು. ಚೀಲಕ್ಕೆ ನಿನ್ನ ಮೇಲೇನು ಹಗೆಯಾ? ನಿನ್ನ ಗ್ರಹಚಾರ ಕಣಯ್ಯ" ಎಂದಿದ್ದ ಮೇಸ್ತ್ರಿ. ಹೆಸರು ಅಂಟಿದ್ದು ಅಂದೇ.

ವರ್ಷಗಟ್ಟಲೆ ಹೀಗಾದರೆ ಮನುಷ್ಯ ಏನಂತ ತಿಳಿಯಬೇಕು, ನೀವೇ ಹೇಳಿ. ತನ್ನ ಕೈಯಲ್ಲೇ ಏನೋ ಇದೆ ಎಂದು ಅವನು ನಂಬಿಬಿಟ್ಟ. ಮನೆಯಲ್ಲಿ ಹಣ್ಣು ಆರಿಸುವುದು ಹೆಂಡತಿ, ಬಟ್ಟೆ ಆರಿಸುವುದು ಮಗಳು. ಬಸ್ಸಿಗೆ ಕಾಯುವಾಗ ರಸ್ತೆಗೆ ಬೆನ್ನು ಮಾಡಿ ನಿಲ್ಲುತ್ತಿದ್ದ. ತಾನು ದಾರಿ ನೋಡಿದರೆ ಬಸ್ಸು ಕೆಟ್ಟು ನಿಲ್ಲುತ್ತದೆಂಬ ಭಯ. ಮಗಳ ಪರೀಕ್ಷೆಯ ಫಲಿತಾಂಶ ಬರುವ ದಿನ ಕ್ಷೌರದಂಗಡಿಯಲ್ಲಿ ಅವಿತು ಕೂತು, ಬೇಡದಿದ್ದ ಕ್ಷೌರ ಮಾಡಿಸಿಕೊಂಡು, ಅವಳು ಪಾಸಾದ ಸುದ್ದಿ ಬಂದ ಮೇಲೇ ಮನೆಗೆ ಬಂದಿದ್ದ.

"ಅಪ್ಪಾ, ನೀವು ಮುಟ್ಟಿದ್ರೆ ಬಲ್ಬ್ ಕೂಡ ಹೋಗುತ್ತಾ?" ಎಂದು ಮಗಳು ಅಣಕಿಸಿದರೆ, "ಹೋಗಿದೆ. ಎರಡು ಸಲ" ಎಂದು ಗಂಭೀರವಾಗಿ ಹೇಳುತ್ತಿದ್ದ.

ಇಷ್ಟರವರೆಗೆ ಎಲ್ಲ ನಗೆಯ ಮಾತೇ ಆಗಿತ್ತು. ಹೆಂಡತಿಗೆ ಏದುಸಿರು ಶುರುವಾಗುವವರೆಗೆ.

ಮೊದಲು ಮೆಟ್ಟಿಲು ಹತ್ತುವಾಗ, ಆಮೇಲೆ ನೀರಿನ ಕೊಡ ಎತ್ತುವಾಗ, ಕೊನೆಗೆ ಸುಮ್ಮನೆ ಕೂತಿದ್ದಾಗಲೂ. ದೊಡ್ಡಾಸ್ಪತ್ರೆಯ ಡಾಕ್ಟರಮ್ಮ ಎಲ್ಲ ಪರೀಕ್ಷೆ ಮಾಡಿಸಿ, ಅಪ್ಪ, ಅಮ್ಮ, ಮಗಳು ಮೂವರನ್ನೂ ಎದುರು ಕೂರಿಸಿಕೊಂಡು ಹೇಳಿದರು. ಎದೆಯೊಳಗಿನ ಒಂದು ವಾಲ್ವು ಸರಿಯಾಗಿ ಮುಚ್ಚುತ್ತಿಲ್ಲ. ಆಪರೇಷನ್ ಮಾಡಿ ಬದಲಿಸಬೇಕು.

ವಾಲ್ವು ಅನ್ನುವ ಮಾತು ಕಿವಿಗೆ ಬೀಳುತ್ತಲೇ ಅವನ ಕಣ್ಣೆದುರು ಕಾರ್ಖಾನೆಯ ಆ ಬೆಂದ ಮುಖ ಬಂದು ನಿಂತಿತು.

"ಮಾಡಿದ್ರೆ ಸರಿಹೋಗುತ್ತಾ?" ಮಗಳು ಕೇಳಿದಳು.

"ನೂರು ಜನಕ್ಕೆ ಮಾಡಿದ್ರೆ ತೊಂಬತ್ತೈದು ಜನ ನಡ್ಕೊಂಡು ಮನೆಗೆ ಹೋಗ್ತಾರಮ್ಮ."

"ಉಳಿದ ಐದು?" ಅವನು ಕೇಳಿದ.

ಡಾಕ್ಟರಮ್ಮ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಎಲ್ಲಾ ಆಪರೇಷನ್‌ನಲ್ಲೂ ಅಷ್ಟು ಅಪಾಯ ಇದ್ದೇ ಇರುತ್ತೆ. ಆದ್ರೆ ಮಾಡಿಸದೇ ಬಿಟ್ರೆ ಇನ್ನೊಂದು ವರ್ಷ ಅಂತ ಹೇಳೋಕೂ ನನಗೆ ಧೈರ್ಯ ಇಲ್ಲ. ಶುಕ್ರವಾರಕ್ಕೆ ಜಾಗ ಇದೆ. ಗುರುವಾರದೊಳಗೆ ಹೇಳಿ."

"ಬೇಡ."

ಮೂವರೂ ಅವನ ಕಡೆ ತಿರುಗಿದರು.

"ಬೇಡ ಡಾಕ್ಟರಮ್ಮ. ಆರರಲ್ಲಿ ಒಂದು ಕೆಂಪಿದ್ರೆ ಅದು ನನ್ನ ಕೈಗೇ ಬರುತ್ತೆ. ನೂರರಲ್ಲಿ ಐದು ಅಂದ್ರೆ ಐದೈದು ಇದೆಯಲ್ಲ! ನಾನು ಹೇಗೆ ತಪ್ಪಿಸಿಕೊಳ್ಳಲಿ?"

ಡಾಕ್ಟರಮ್ಮನಿಗೆ ತಲೆಬುಡ ತಿಳಿಯಲಿಲ್ಲ. ಮಗಳಿಗೆ ತಿಳಿಯಿತು. ಆಸ್ಪತ್ರೆಯ ಹೊರಗೆ ನಿಂತು ನಡುರಸ್ತೆಯಲ್ಲೇ ಅಪ್ಪನ ಮೇಲೆ ಹರಿಹಾಯ್ದಳು. "ಅಮ್ಮನ ಜೀವಾನ ಆ ಕೊಳಕು ಚೀಲದ ಜೊತೆ ಹೋಲಿಸ್ತೀರಲ್ಲ, ನಿಮಗೆ ಬುದ್ಧಿ ನೆಟ್ಟಗಿದೆಯಾ? ನಾನೇ ಸಹಿ ಹಾಕ್ತೀನಿ."

"ಹಾಕೇ. ಹಾಕು! ನನ್ನ ರಕ್ತ ತಾನೇ ನಿನ್ನ ಕೈಯಲ್ಲೂ ಹರೀತಿರೋದು?" ಎಂದು ಅವನೂ ಕೂಗಿದ. ದಾರಿಹೋಕರು ನಿಂತು ನೋಡಿದರು.

ಹೆಂಡತಿ ಗೋಡೆ ಹಿಡಿದು ಉಸಿರು ಸುಧಾರಿಸಿಕೊಂಡು, "ಇಬ್ಬರೂ ಬಾಯಿ ಮುಚ್ಚಿ" ಎಂದಳು. "ಆಪರೇಷನ್ ನನಗೆ. ನನಗೇನೂ ಹೆದರಿಕೆ ಇಲ್ಲ. ಆದ್ರೆ ರೀ, ನೀವು ಮನಸಾರೆ ಹೂಂ ಅನ್ನದೆ ನಾನು ಆ ಮಂಚ ಹತ್ತಲ್ಲ. ನಾನು ಒಳಗೆ ಮಲಗಿರೋದು, ನೀವು ಹೊರಗೆ ನಿಂತು ಇವಳು ಸತ್ತಳು, ಇವಳು ಸತ್ತಳು ಅಂತ ಎಣಿಸ್ತಾ ಇರೋದು. ಬದುಕೋ ಮನಸ್ಸಾದ್ರೂ ಬರುತ್ತಾ ನನಗೆ?"

ಹೂಂ ಅನ್ನದೆಯೇ ಅವನು ಅವಳ ತೋಳು ಹಿಡಿದು ಬಸ್ಸಿನ ಕಡೆ ನಡೆಸಿದ.

ಮಂಗಳವಾರ ಕೊಪ್ಪರಿಗೆ ಖಾಲಿಯಾದಾಗ ಎಂದಿನಂತೆ ಅವನು ಕೊನೆಯಲ್ಲಿ ಬಂದು ಚೀಲ ಬೋರಲು ಹಾಕಿದ. ಎಂದಿನಂತೆ ಕೆಂಪು. ಆದರೆ ಈ ಸಲ ಚೀಲದ ಹೊಲಿಗೆ ಬಿಟ್ಟು ಬಾಯಿಂದ ತಳದವರೆಗೆ ಹರಿದುಹೋಯಿತು.

"ತಗೋ, ನಿನ್ನ ಹೆಂಡ್ತಿ ಕೈಲಿ ಹೊಲಿಸ್ಕೊಂಡು ಬಾ" ಎಂದ ಮೇಸ್ತ್ರಿ, ಆರೂ ಬಿಲ್ಲೆಗಳನ್ನು ಅದರಲ್ಲೇ ಸುತ್ತಿ ಕೊಟ್ಟು. "ಹೇಗಿದ್ರೂ ಅದು ನಿನ್ನದೇ ಚೀಲ ತಾನೇ!"

ಎಲ್ಲರೂ ನಕ್ಕರು. ಮೇಸ್ತ್ರಿ ಜನ್ಮದಲ್ಲಿ ಮಾಡಿದ ದೊಡ್ಡ ತಪ್ಪು ಅದೇ ನಗೆಮಾತು.

ಸಂಜೆ ಹೆಂಡತಿ ಮಂಚದ ಮೇಲೆ ಗೋಡೆಗೊರಗಿ ಚೀಲ ಹೊಲಿದಳು. ಕಾಯಿಲೆಯವಳಿಗೆ ಯಾಕೆ ಈ ಕೆಲಸ ಎಂದು ಮಗಳು ಗೊಣಗಿದರೆ, "ಸುಮ್ನೆ ಕೂತು ಸೂರಿನ ತೊಲೆ ಎಣಿಸೋದಕ್ಕಿಂತ ವಾಸಿ" ಎಂದಳು. ಹೊಲಿದಾದ ಮೇಲೆ ಬಿಲ್ಲೆಗಳನ್ನು ಒಳಗೆ ಹಾಕಿ, ಎಲ್ಲಾದರೂ ತೂತು ಉಳಿದಿದೆಯೇ ಎಂದು ಕೈಯಾಡಿಸಿ ನೋಡಿದಳು. ಕೈ ಅಲ್ಲೇ ನಿಂತಿತು.

"ರೀ, ಇದರಲ್ಲಿ ಒಂದು ಬೇರೆ ಥರ ಇದೆಯಲ್ಲ."

"ಹೂಂ. ಒಂದು ಕೆಂಪು. ಗೊತ್ತಿದ್ದದ್ದೇ."

"ಕಣ್ಣಿಗಲ್ಲ ರೀ. ಕೈಗೆ."

ಅವನು ಚಹಾದ ಲೋಟ ಕೆಳಗಿಟ್ಟ.

ಅವಳು ಕಣ್ಣು ಮುಚ್ಚಿಕೊಂಡಳು. "ಹೇಳಿ, ಕೆಂಪು ಬೇಕಾ, ಹಳದಿ ಬೇಕಾ?"

"ಏನು ಹುಡುಗಾಟ ಇದು?"

"ಹೇಳಿ ಅಂದ್ರೆ."

"ಕೆಂಪು."

ತೆಗೆದಳು. ಕೆಂಪು. ಮತ್ತೆ ಹಾಕಿ ಕುಲುಕಿದಳು. "ಈಗ?"

"ಹಳದಿ."

ಹಳದಿ ಬಂತು. ಮತ್ತೆ ಹಳದಿ ಎಂದ, ಮತ್ತೆ ಹಳದಿ. ಕೆಂಪು ಎಂದ, ಕೆಂಪು! ಹೋಟೆಲಿನಲ್ಲಿ ಕೇಳಿದ್ದು ತಂದಿಟ್ಟ ಹಾಗೆ ಅವಳ ಕೈ ಚೀಲದಿಂದ ಒಂದೊಂದನ್ನೇ ತಂದಿಡುತ್ತಿತ್ತು. ಮಗಳು ಓಡಿಬಂದು ಕಣ್ಣಿಗೆ ಟವೆಲು ಬಿಗಿದುಕೊಂಡು ತಾನೂ ಕೈಹಾಕಿದಳು. ಅವಳಿಗೂ ಒಂದೇ ಒಂದು ಸಲ ತಪ್ಪಲಿಲ್ಲ.

"ಬಣ್ಣದ ಮೇಲೆ ಬಣ್ಣ ಬಳಿದು ಬಳಿದು ದಪ್ಪ ಆಗಿದೆ ಅಪ್ಪಾ. ಅಂಚಲ್ಲಿ ಗಂಟು ಬೇರೆ ಕಟ್ಟಿದೆ. ಕಣ್ಣೇ ಬೇಡ!"

ಅವನು ಚೀಲ ಕಿತ್ತುಕೊಂಡು ಕೈಹಾಕಿದ. ತಡಕಿದ, ಉಜ್ಜಿದ, ಹಿಂಡಿದ. ಅವನಿಗೆ ಆರೂ ಒಂದೇ. ಕಾಸ್ಟಿಕ್ ಸುರಿದೂ ಸುರಿದೂ ಅವನ ಬೆರಳ ತುದಿಗಳು ಎಷ್ಟೋ ವರ್ಷದ ಹಿಂದೆಯೇ ಸುಟ್ಟು ನುಣುಪಾಗಿ ಸತ್ತುಹೋಗಿದ್ದವು. ಸೂಜಿ ಚುಚ್ಚಿದರೆ ರಕ್ತ ನೋಡಿ ತಿಳಿಯಬೇಕು, ಅಂಥ ಬೆರಳು.

"ಕೆನ್ನೆಗೆ ಒತ್ತಿ ನೋಡ್ರಿ" ಎಂದಳು ಹೆಂಡತಿ, ಮೆಲ್ಲಗೆ.

ಕಣ್ಣು ಮುಚ್ಚಿ ಒಂದೊಂದನ್ನೇ ಕೆನ್ನೆಗೆ ಒತ್ತಿಕೊಂಡ. ತಣ್ಣಗೆ. ತಣ್ಣಗೆ. ಇದೂ ತಣ್ಣಗೆ. ಆಮೇಲೊಂದು, ತಣ್ಣಗಿಲ್ಲದ್ದು, ಒರಟಂಚಿನದು, ಹಳೆಯ ಗುಂಡಿಯಂಥದ್ದು. ಕಣ್ಣು ತೆರೆದ. ಕೆಂಪು.

ಯಾರೋ ಕಾಲ ಕೆಳಗಿನ ಹಲಗೆ ಎಳೆದಂತಾಯಿತು. ಕೆನ್ನೆಗೆ ಒತ್ತಿದ ಒಂದೇ ಒತ್ತಿಗೆ ತಿಳಿಯುವ ವಿಷಯ. ಅಷ್ಟು ವರ್ಷ ಆ ಐದು ಜನಕ್ಕೆ ತಿಳಿಯದೆ ಇದ್ದೀತೇ? ಅಷ್ಟು ವರ್ಷ ಅವರು ಕಣ್ಣು ಮುಚ್ಚಿ, ಕೈ ತುಂಬ ಕಣ್ಣಿಟ್ಟುಕೊಂಡು, ಹಳದಿಯನ್ನು ಆರಿಸಿಕೊಂಡು, ಕೆಂಪನ್ನು ತನಗೆ ಬಿಟ್ಟರು. ಬಿಟ್ಟು, ಮೇಲೊಂದು ಹೆಸರನ್ನೂ ಇಟ್ಟರು!

ಎದ್ದು ಅಂಗಿ ಹಾಕಿಕೊಂಡ.

"ಎಲ್ಲಿಗೆ?"

"ಕಾರ್ಖಾನೆಗೆ. ಒಬ್ಬೊಬ್ಬನನ್ನೂ ಅದೇ ಕೊಪ್ಪರಿಗೆಗೆ ಎತ್ತಿಹಾಕ್ತೀನಿ."

"ಈಗ ಬೀಗ ಹಾಕಿರ್ತಾರೆ. ಗೋಡೆಗೆ ಬೈದು ಬರ್ತೀರಾ? ಕೂತ್ಕೊಳ್ಳಿ."

ಬೆಳಗ್ಗೆ ಕಾರ್ಖಾನೆಯ ಬಾಗಿಲು ತೆರೆಯುವ ಮೊದಲೇ ಹೋಗಿ ನಿಂತಿದ್ದ. ಇನ್ನೊಂದು ಕೊಪ್ಪರಿಗೆ ಅಂದು ಖಾಲಿಯಾಗಿತ್ತು. ಅವನು ಕಾಸ್ಟಿಕ್ಕಿನ ಡಬ್ಬ ಮುಟ್ಟಲಿಲ್ಲ. ಚೀಲ ಹಿಡಿದು ನಡುವೆ ನಿಂತ.

"ಏನಯ್ಯ ಗ್ರಹಚಾರಣ್ಣ, ಹೊಲಿಸಿದ್ಯಾ?" ಮೇಸ್ತ್ರಿ ಕೇಳಿದ.

ಅವನು ಅಚ್ಚಿನವನ ಕಡೆ ತಿರುಗಿದ. ಸಾಬೂನಿಗೆ ಅಚ್ಚು ಒತ್ತುವ ಇವನು ಅವನ ಹಳೆಯ ಜೊತೆಗಾರ. ದಿನಾ ಒಂದೇ ಬೆಂಚಿನ ಮೇಲೆ ಊಟದ ಡಬ್ಬಿ ಬಿಚ್ಚುವವರು. ಹೆಂಡತಿಯ ಕಾಯಿಲೆಯ ಸುದ್ದಿ ಮನೆಯವರನ್ನು ಬಿಟ್ಟರೆ ಇವನೊಬ್ಬನಿಗೆ ಗೊತ್ತಿತ್ತು.

"ಕಣ್ಣು ಮುಚ್ಚೋ. ಕೈ ಹಾಕು. ಕೆಂಪು ತೆಗಿ."

"ಏನೋ ಇದು, ಬೆಳಬೆಳಗ್ಗೆ…"

"ಕೆಂಪು ತೆಗಿ ಅಂದೆ."

ಅಚ್ಚಿನವನು ಕೈಹಾಕಿದ. ಹಣೆಯ ಮೇಲೆ ಬೆವರು ಮೂಡಿತು. ತೆಗೆದ. ಹಳದಿ. "ನೋಡಪ್ಪ, ಬರಲಿಲ್ಲ" ಎಂದು ನಗಲು ಹೋದ. ನಗು ಅರ್ಧಕ್ಕೇ ಸತ್ತಿತು.

"ನನ್ನ ಹೆಂಡ್ತಿ ಮಂಚದ ಮೇಲೆ ಕೂತು ಕೇಳಿದಾಗಲೆಲ್ಲ ಕೆಂಪು ತೆಗೆದುಕೊಟ್ಟಳು ಕಣೋ. ಉಸಿರಾಡೋಕೆ ಆಗದೋಳು. ನಿನ್ನ ಬೆರಳಿಗೇನು ಲಕ್ವ ಹೊಡೆದಿದೆಯಾ?"

ಅಚ್ಚಿನವನು ಬೆಂಚಿನ ಮೇಲೆ ಕುಸಿದು ಕೂತ. ನೆಲ ನೋಡುತ್ತಲೇ ಬಾಯಿಬಿಟ್ಟ. "ನನಗೊಬ್ಬನಿಗೇ ಗೊತ್ತು ಅಂದ್ಕೊಂಡಿದ್ದೆ ಕಣೋ. ನಾನೊಬ್ಬ ಬಿಟ್ರೆ ಇನ್ನೂ ಐದು ಜನ ಇದ್ದೀರಲ್ಲ, ಯಾರೋ ಒಬ್ಬರಿಗೆ ಹೋಗುತ್ತೆ ಅಂತ…"

"ಅಂದ್ರೆ ನಿನಗೂ ಗೊತ್ತಿತ್ತಾ?" ಎಂದವನು ಬಾಯ್ಲರಿನವನು. ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡ.

"ನಿನಗೂನಾ?" ಅಚ್ಚಿನವನು ತಲೆಯೆತ್ತಿದ.

ಹಿಂದೆ ನಿಂತಿದ್ದ ಇಬ್ಬರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಒಬ್ಬ ಕೆಮ್ಮಿದ. ಇನ್ನೊಬ್ಬ, "ನಾನು ಹೊಸಬ. ಸೇರಿದ ತಿಂಗಳಲ್ಲೇ ತಿಳೀತು. ಹಳಬರು ನಿಮಗೆಲ್ಲ ಗೊತ್ತಿರಲ್ಲ ಅಂತ ಹೇಗೆ ಅಂದ್ಕೊಂಡೆನೋ" ಎಂದ. ಐದು ಜನ ಐದು ಕಳ್ಳರ ಹಾಗೆ ಒಬ್ಬರನ್ನೊಬ್ಬರು ಹೊಸದಾಗಿ ಕಂಡವರಂತೆ ಬೆಪ್ಪಾಗಿ ನಿಂತರು. ಒಂದೇ ಮನೆಗೆ ಬೇರೆ ಬೇರೆ ಕಿಟಕಿಯಿಂದ ನುಗ್ಗಿ ನಡುಮನೆಯಲ್ಲಿ ಎದುರಾದ ಕಳ್ಳರು! ಎಲ್ಲರ ಕಣ್ಣೂ ಕೊನೆಗೆ ಮೇಸ್ತ್ರಿಯ ಮೇಲೆ ನಿಂತವು. ನ್ಯಾಯ ಕಣ್ಣಿಗೆ ಹೊಡೆಯಬೇಕು ಅಂದಿದ್ದ ಮೇಸ್ತ್ರಿ ಕಣ್ಣೆತ್ತಲಿಲ್ಲ.

"ಬಳಿದೋನು ನಾನೇ ತಾನೇ" ಎಂದ, ಗಂಟಲಲ್ಲೇ. "ಮೊದಲು ತಿಳಿದವನೂ ನಾನೇ. ಆದ್ರೆ ಆಣೆ ಮಾಡಿ ಹೇಳ್ತೀನಿ, ಬೇಕು ಅಂತ ಬಳಿದದ್ದಲ್ಲ."

ಹೊಡೆಯಲೆಂದು ಬಂದವನು ಅವನು. ಆದರೆ ಐದು ಜನರಲ್ಲಿ ಯಾರನ್ನು ಹೊಡೆಯುವುದು? ಸೇರಿ ಮಸಲತ್ತು ಮಾಡಿದ್ದರೆ ಸರಿ, ಒಬ್ಬನ ಕೊರಳಪಟ್ಟಿ ಹಿಡಿಯಬಹುದಿತ್ತು. ಇವರು ಸೇರಿಯೇ ಇರಲಿಲ್ಲ. ಒಬ್ಬೊಬ್ಬನೂ ತನ್ನ ಪಾಡಿಗೆ ತಾನು ಇಷ್ಟೇ ಇಷ್ಟು ಪಕ್ಕಕ್ಕೆ ಸರಿದಿದ್ದ, ಅಷ್ಟೆ. ಸರಿದು ಸರಿದು ಇವನನ್ನು ಹಳ್ಳಕ್ಕೆ ತಳ್ಳಿದ್ದರು.

ಕಾಸ್ಟಿಕ್ಕಿನ ಮೂಲೆಗೆ ಹೋಗಿ, ಬೆರಳು ಸತ್ತ ಮೇಲೆ ಕಾರ್ಖಾನೆಯವರು ಕೊಟ್ಟಿದ್ದ ರಬ್ಬರಿನ ಗ್ಲೌಸು ತಂದು ಮೇಜಿನ ಮೇಲೆ ಒಗೆದ. "ಇವತ್ತು ಇದು ಹಾಕ್ಕೊಂಡು ತೆಗೀರಿ, ಎಲ್ಲರೂ. ಮೊದಲು ನಾನು."

ಬೆರಳಿನಷ್ಟು ದಪ್ಪದ ಗ್ಲೌಸು. ಅದನ್ನು ತೊಟ್ಟರೆ ಬಿಲ್ಲೆ ಯಾವುದು, ಚೀಲದ ಗಂಟು ಯಾವುದು ತಿಳಿಯದು. ಅಂದು ಮೊದಲ ಸಲ ಆರೂ ಜನ ಒಟ್ಟಿಗೆ ಹೆದರಿದರು. ಬಾಯ್ಲರಿನವನು ತುಟಿ ನೆಕ್ಕಿಕೊಂಡ. ಹೊಸಬ ಕೊಪ್ಪರಿಗೆಯ ಕಡೆಗೇ ನೋಡುತ್ತಿದ್ದ. ಹೆದರಿಕೆಯ ಜೊತೆಗೇ ಗ್ರಹಚಾರಣ್ಣನಿಗೆ ಒಳಗೊಳಗೇ ಒಂದು ಸಂತೋಷ ಉಕ್ಕಿತು. ಇವತ್ತು ನ್ಯಾಯ, ಇವತ್ತು ನಿಜ ಗೊತ್ತಾಗುತ್ತೆ. ಕೈಹಾಕಿದ. ತೆಗೆದ.

ಕೆಂಪು.

ಬಾಯ್ಲರು ಎಲ್ಲೋ ಬುಸ್ಸೆಂದಿತು. ಅವನು ಗ್ಲೌಸಿನ ಅಂಗೈಯಲ್ಲಿ ಕೂತ ಆ ಬಿಲ್ಲೆಯನ್ನು ಮಿಕಿಮಿಕಿ ನೋಡಿದ. ಮೋಸ ಇಲ್ಲ, ತಡಕಿ ತಿಳಿಯುವ ಹಾಗಿಲ್ಲ, ಸಾಲಿನಲ್ಲಿ ಮೊದಲಿಗ. ಆದರೂ ಬಂತಲ್ಲ!

"ಅಯ್ಯೋ ದೇವರೇ" ಎಂದ ಹೊಸಬ.

"ಬೇಡ ಕಣಯ್ಯ" ಮೇಸ್ತ್ರಿ ಮುಂದೆ ಬಂದ. ಅವನ ಮುಖ ಬಿಳಿಚಿತ್ತು. "ಇವತ್ತು ನಾನಿಳೀತೀನಿ. ನೀನು ಮನೆಗೆ ಹೋಗು."

"ಬಿಡಿ ಮೇಸ್ತ್ರಿ. ಬಂದದ್ದು ನನಗೆ" ಎಂದು ಸಲಿಕೆ ತೆಗೆದುಕೊಂಡು ಏಣಿ ಇಳಿದ. ಕಾಲು ಇಳಿಯುತ್ತಿತ್ತು, ಮನಸ್ಸು ಮೇಲೇ ಉಳಿದಿತ್ತು. ಹಾಗಾದರೆ ಅವರು ಮೋಸ ಮಾಡಿದ್ದೂ ನಿಜ, ತನ್ನ ಗ್ರಹಚಾರವೂ ನಿಜ. ಶುಕ್ರವಾರಕ್ಕೆ ಇನ್ನು ಹೂಂ ಅನ್ನುವ ಮಾತೆಲ್ಲಿ?

ತಳಕ್ಕೆ ಬರುವಷ್ಟರಲ್ಲಿ ತಲೆಯ ಮೇಲೆ ಬೆಳಕು ಮುಚ್ಚಿತು. ಅಚ್ಚಿನವನು ಏಣಿ ಇಳಿಯುತ್ತಿದ್ದ. ಕೊನೆಯ ಮೆಟ್ಟಿಲಲ್ಲೇ ಜಾರಿ ಸೊಂಟದ ಮೇಲೆ ಬಿದ್ದ.

"ನಿನ್ನನ್ನ ಯಾರು ಕರೆದರು ಇಲ್ಲಿಗೆ?"

"ಸುಮ್ನಿರೋ." ಅಚ್ಚಿನವನು ಗೋಡೆ ಹಿಡಿದು ಎದ್ದ, ಮತ್ತೆ ಜಾರಿದ, ಘಾಟಿಗೆ ಕಣ್ಣುಜ್ಜಿಕೊಂಡ. ಹಬೆಯ ಕೊಳವೆಯ ಬಾಯಿ ಅವನ ಮುಖದ ಎದುರಿಗೇ ಇತ್ತು. ಅದನ್ನು ಕಂಡು ಮುಖ ಪಕ್ಕಕ್ಕೆ ಸರಿಸಿದ. ಮೆಲ್ಲನೆ ಕೇಳಿದ. "ನೀನು ಎಷ್ಟು ಸಲ ಬಿದ್ದಿದ್ದೀಯ ಇಲ್ಲಿ?"

"ಬಿದ್ದಿಲ್ಲ."

"ಒಂದ್ಸಲನೂ?"

"ಇಲ್ಲ."

"ಆ ಕೊಳವೆ? ಯಾರಾದ್ರೂ ಮರೆತು ತಿರುಗಿಸಿದ್ದು?"

"ಇಲ್ಲವೋ. ತಿರುಗಿಸಿದ್ರೆ ನಾನು ನಿನ್ನ ಜೊತೆ ಮಾತಾಡ್ತಾ ಇರ್ತಿದ್ನಾ?"

ಅಚ್ಚಿನವನು ಗಸಿಯಲ್ಲಿ ಕಾಲು ಹುಗಿದುಕೊಂಡು ಅವನನ್ನೇ ದಿಟ್ಟಿಸಿದ. "ನಮ್ಮೆಲ್ಲರ ಪಾಲಿಂದೂ ಸೇರಿಸಿ ಇಳಿದಿದ್ದೀಯ. ಅಷ್ಟು ಸಲವೂ ಇಳಿದ ಹಾಗೇ ಹತ್ತಿ ಬಂದಿದ್ದೀಯ. ನಿನ್ನನ್ನ ಗ್ರಹಚಾರ ಅಂತ ಕರೆದ್ವಲ್ಲೋ ನಾವು!"

ಅವನ ಸಲಿಕೆ ಗೋಡೆಯ ಮೇಲೆ ನಿಂತುಬಿಟ್ಟಿತು. ಇಳಿದದ್ದನ್ನೆಲ್ಲ ಅವನು ಎಣಿಸಿದ್ದ. ಹತ್ತಿ ಬಂದದ್ದನ್ನು ಒಮ್ಮೆಯೂ ಎಣಿಸಿರಲಿಲ್ಲ.

ಊಟದ ಹೊತ್ತಿಗೆ ಡಬ್ಬಿ ಬಿಚ್ಚದೆ ಮತ್ತೆ ಚೀಲ ತಂದ. "ಗ್ಲೌಸು ಹಾಕ್ಕೊಳ್ಳಿ. ತೆಗೀರಿ."

"ಇನ್ಯಾಕಪ್ಪ? ಕೊಪ್ಪರಿಗೆ ಕೆರೆದಾಯ್ತಲ್ಲ" ಎಂದ ಬಾಯ್ಲರಿನವನು.

"ಸುಮ್ನೆ. ಆಟಕ್ಕೆ."

ಯಾರಿಗೂ ಇಲ್ಲ ಅನ್ನುವ ಮುಖವಿರಲಿಲ್ಲ. ತೆಗೆದರು. ಕೆಂಪು ಬಾಯ್ಲರಿನವನಿಗೆ ಬಂತು. ಮತ್ತೆ ತೆಗೆದರು. ಮೇಸ್ತ್ರಿಗೆ. ಮತ್ತೆ. ಮತ್ತೆಯೂ ಮೇಸ್ತ್ರಿಗೆ! ಎಲ್ಲರೂ ಚೀಲದ ಮೇಲೆ ಬಗ್ಗಿದರು. ಕುಲುಕಿ, ತಿರುಗಿಸಿ, ಸಾಲು ಬದಲಿಸಿ ತೆಗೆದರು. ಮೂರನೆಯ ಸಲವೂ ಕೆಂಪು ಮೇಸ್ತ್ರಿಯ ಕೈಯಲ್ಲೇ ಕೂತಿತ್ತು.

"ಸಾಕು ನಿಲ್ಸ್ರೋ!" ಮೇಸ್ತ್ರಿ ಬಿಲ್ಲೆ ಬಿಸಾಡಿದ. ಕೊರಳೆಲ್ಲ ಬೆವರು. "ಏನಿದು, ನನ್ನನ್ನೇ ಹಿಡ್ಕೊಂಡಿದೆಯಲ್ಲ!"

"ಗ್ರಹಚಾರ ಮೇಸ್ತ್ರಿ" ಎಂದ ಹೊಸಬ, ತಡೆಯಲಾರದೆ. ಮೊದಲು ನಕ್ಕವನು ಅವನೇ, ಹಳೆಯ ಗ್ರಹಚಾರಣ್ಣ. ನಕ್ಕೂ ನಕ್ಕೂ ಕೆಮ್ಮು ಬಂತು. ಆಮೇಲಿನ ಸರದಿ ಹೊಸಬನಿಗೆ, ಅದರ ಮುಂದಿನದು ಅಚ್ಚಿನವನಿಗೆ. ಕೆಂಪು ಬಿಲ್ಲೆ ಬೀದಿನಾಯಿಯ ಹಾಗೆ ಯಾರ ಹೊಸಿಲನ್ನೂ ಗುರುತಿಟ್ಟುಕೊಳ್ಳದೆ ಸುತ್ತಿತು. ಗಂಟೆ ಹೊಡೆಯುವವರೆಗೂ ತೆಗೆದರು. ಅವನಿಗೆ ಅದು ಮತ್ತೆ ಬರಲಿಲ್ಲ.

ಗಂಟೆ ಹೊಡೆದಾಗ ಎಲ್ಲರೂ ಕೆಲಸಕ್ಕೆ ಎದ್ದರು. ಅವನು ಬಾಗಿಲ ಕಡೆ ನಡೆದ. ಎಲ್ಲಿಗೆ ಎಂದು ಮೇಸ್ತ್ರಿ ಕೇಳಲಿಲ್ಲ.

ಮೈತುಂಬ ಸಾಬೂನಿನ ಗಸಿ ಮೆತ್ತಿಕೊಂಡು ಬಂದವನನ್ನು ಕಂಡು ಆಸ್ಪತ್ರೆಯ ಕಾವಲುಗಾರ ತಡೆದ. ಗದ್ದಲ ಕೇಳಿ ಡಾಕ್ಟರಮ್ಮನೇ ಹೊರಗೆ ಬಂದರು.

"ಡಾಕ್ಟರಮ್ಮ, ಒಂದೇ ಮಾತು. ಆ ಐದು ಜನ ಯಾರು ಅಂತ ಮೊದಲೇ ಗೊತ್ತಿರುತ್ತಾ?"

"ಇಲ್ಲ."

"ಯಾರಿಗೂ? ನಿಮಗೂ? ಸುಳ್ಳು ಹೇಳಬಾರದು."

"ನನಗೂ ಗೊತ್ತಿರಲ್ಲ. ಗೊತ್ತಿದ್ದಿದ್ರೆ ಅವರನ್ನ ಮಂಚ ಹತ್ತಿಸ್ತಿದ್ನಾ?"

ಅವನು ಗೋಡೆಗೆ ಒರಗಿದ. "ಶುಕ್ರವಾರ ಕರ್ಕೊಂಡು ಬರ್ತೀನಿ."

ಮನೆಗೆ ಬಂದು ಹೂಂ ಎಂದಾಗ ಮಗಳು ಕೈಯಲ್ಲಿದ್ದ ತಟ್ಟೆ ಬಿಟ್ಟಳು. ಹೆಂಡತಿ ಮಾತ್ರ ಅವನ ಮುಖ ಕೂಲಂಕಷವಾಗಿ ಓದಿ, "ಮನಸಾರೆನಾ?" ಎಂದಳು.

"ಮನಸಾರೆ. ಹೆದರಿಕೆ ಇದೆ ಕಣೇ. ಆದ್ರೆ ಮನಸಾರೆ."

ಶುಕ್ರವಾರ ಸಹಿ ಹಾಕಿದವನು ಅವನೇ. ಅವಳನ್ನು ಒಳಗೆ ತಳ್ಳಿಕೊಂಡು ಹೋದ ಮೇಲೆ ಆ ಬಾಗಿಲ ಎದುರು ನಿಂತಾಗ ಅವನಿಗೆ ಇನ್ನೊಂದು ಆಘಾತ ಕಾದಿತ್ತು. ಕಾಲು ಗಡಗಡ ನಡುಗುತ್ತಿತ್ತು. ಹಿಂದೆಲ್ಲ ಹೀಗಾಗುತ್ತಿರಲಿಲ್ಲ. ಕೆಟ್ಟದ್ದೇ ಆಗುತ್ತದೆ ಎಂದು ತಿಳಿದವನಿಗೆ ನಡುಕ ಯಾತಕ್ಕೆ? ಚೀಲ ಬೋರಲು ಹಾಕುವಾಗ ಅವನ ಕೈ ಎಂದೂ ನಡುಗಿದ್ದಿಲ್ಲ. ಇಂದು ಏನಾಗುತ್ತದೆಂದು ಅವನಿಗೆ ಗೊತ್ತಿಲ್ಲ. ಒಳಗೆ ಚಾಕು ಹಿಡಿದವರಿಗೂ ಗೊತ್ತಿಲ್ಲ. ಪಕ್ಕದಲ್ಲಿ ಕೂತು ಉಗುರು ಕಡಿಯುತ್ತಿರುವ ಮಗಳಿಗೂ ಗೊತ್ತಿಲ್ಲ. ಜನರೆಲ್ಲ ದಿನಾ ಹೀಗೆಯೇ ಬದುಕುತ್ತಾರೆಯೇ? ಹೀಗೆ ಎದೆ ಬಾಯಿಗೆ ತಂದುಕೊಂಡು, ಬಸ್ಸು ಹತ್ತಿ, ಹಣ್ಣು ಆರಿಸಿ, ಮಕ್ಕಳನ್ನು ಹೆತ್ತು? ಇಷ್ಟು ವರ್ಷ ತಾನು ಗ್ರಹಚಾರದ ಮರೆಯಲ್ಲಿ ಎಷ್ಟು ನೆಮ್ಮದಿಯಾಗಿ ಅವಿತು ಕೂತಿದ್ದೆ ಎನ್ನಿಸಿ ನಾಚಿಕೆಯಾಯಿತು.

ಅಚ್ಚಿನವನೂ ಮೇಸ್ತ್ರಿಯೂ ಬಂದು ದೂರದ ಬೆಂಚಿನ ಮೇಲೆ ಕೂತಿದ್ದರು. ಹತ್ತಿರ ಬರಲು ಅವರಿಗೆ ಧೈರ್ಯವಿರಲಿಲ್ಲ. ಬನ್ನಿ ಎನ್ನಲು ಇವನಿಗೂ ಇನ್ನೂ ಸಿಟ್ಟು ಇಳಿದಿರಲಿಲ್ಲ. ಮಗಳು ಹೋಗಿ ಅವರಿಗೆ ನೀರು ಕೊಟ್ಟು ಬಂದಳು.

ಬಿಸಿಲು ಕಿಟಕಿಯಿಂದ ನೆಲಕ್ಕಿಳಿದು ಗೋಡೆ ಹತ್ತಿದ ಮೇಲೆ ಬಾಗಿಲು ತೆರೆಯಿತು. ಡಾಕ್ಟರಮ್ಮನ ಮೂಗುಬಾಯಿಗೆ ಆಪರೇಷನ್ನಿನ ಮಾಸ್ಕಿನ ಬಟ್ಟೆ ಕಟ್ಟಿತ್ತು. ಮುಖದಲ್ಲಿ ಏನಿದೆಯೋ ಕಾಣಲಿಲ್ಲ. ಆ ಬಟ್ಟೆ ಇಳಿಸಲು ಅವರು ತೆಗೆದುಕೊಂಡ ಹೊತ್ತಿನಲ್ಲಿ ಅವನು ಒಂದು ಸಲ ಸತ್ತು ಹುಟ್ಟಿದ.

"ಚೆನ್ನಾಗಿದ್ದಾರೆ. ಆಮೇಲೆ ಒಬ್ಬೊಬ್ಬರೇ ಹೋಗಿ ನೋಡಬಹುದು."

ಒಳಗೆ ಕೊಳವೆಗಳ ನಡುವೆ ಅವಳು ಅರ್ಧ ಎಚ್ಚರದಲ್ಲಿ ಮಲಗಿದ್ದಳು. ಮುಖದಲ್ಲಿ ರಕ್ತದ ಕಳೆಯಿರಲಿಲ್ಲ, ಆದರೆ ಎದೆ ಏರಿಳಿಯುತ್ತಿತ್ತು, ಸದ್ದಿಲ್ಲದೆ, ಏದುಸಿರಿಲ್ಲದೆ. ಅವನು ಬಗ್ಗಿ ಅವಳ ಅಂಗೈ ಹಿಡಿದ. ಬೆರಳಿಗೆ ತಿಳಿಯಲಿಲ್ಲ. ಅದನ್ನು ಎತ್ತಿ ಕೆನ್ನೆಗೆ ಒತ್ತಿಕೊಂಡ. ಬೆಚ್ಚಗಿತ್ತು.

ಅವಳ ತುಟಿ ಅಲುಗಿತು. ಕಿವಿ ಕೊಟ್ಟ.

"ಯಾವುದು ಬಂತು ರೀ?"

ಅವಳ ಅಂಗೈಯನ್ನು ಕೆನ್ನೆಗೆ ಇನ್ನಷ್ಟು ಒತ್ತಿಕೊಂಡ.

"ಹಳದಿ ಕಣೇ" ಎಂದ. "ಹಳದಿ."